ಹೊಡೆಯದ ಗಂಡನ ಮೇಲೆ ಕ್ರೌರ್ಯದ ಆರೋಪ ನಿಲ್ಲುತ್ತದೆಯೇ?

ಈ ಸಲ ಬಂದ ಪತ್ರಗಳಲ್ಲಿ ಮೂರು, ಮಾನಸಿಕ ಕ್ರೌರ್ಯವೆಂಬ ಒಂದೇ ವಿಷಯವನ್ನು ಮೂರು ಕಡೆಯಿಂದ ಕೇಳಿವೆ. ಆದ್ದರಿಂದ ಅವುಗಳಿಗೆ ಒಟ್ಟಿಗೆ ಉತ್ತರಿಸುತ್ತಿದ್ದೇನೆ. ಪತ್ರಗಳನ್ನು ಸಂಕ್ಷೇಪಿಸಿ, ಬರೆದವರ ಗುರುತು ಹತ್ತುವಂಥ ವಿವರಗಳನ್ನು ತೆಗೆದಿದ್ದೇನೆ.

ಪ್ರಶ್ನೆ: ನಾನು ಹಾವೇರಿ ಜಿಲ್ಲೆಯವಳು, ಅನುದಾನಿತ ಪ್ರೌಢಶಾಲೆಯೊಂದರಲ್ಲಿ ಶಿಕ್ಷಕಿ. ಮದುವೆಯಾಗಿ ಒಂಬತ್ತು ವರ್ಷವಾಯಿತು. ನನ್ನ ಯಜಮಾನರು ಇವತ್ತಿನವರೆಗೆ ನನ್ನ ಮೇಲೆ ಕೈ ಮಾಡಿಲ್ಲ, ಕುಡಿಯುವುದಿಲ್ಲ, ಊರಿನಲ್ಲಿ ಒಳ್ಳೆಯ ಹೆಸರಿದೆ. ಆದರೆ ಸಣ್ಣ ಮಾತಿಗೂ ಮುನಿಸಿಕೊಂಡು ಎರಡು ಮೂರು ತಿಂಗಳು ಮಾತು ಬಿಡುತ್ತಾರೆ. ಹೇಳಬೇಕಾದದ್ದನ್ನು ಅತ್ತೆಯವರಿಂದ ಹೇಳಿಸುತ್ತಾರೆ. ನನ್ನ ಸಂಬಳದ ಎಟಿಎಂ ಕಾರ್ಡ್ ಮದುವೆಯಾದಾಗಿನಿಂದ ಅತ್ತೆಯವರ ಬಳಿಯೇ ಇದೆ, ಬಸ್ ಚಾರ್ಜಿಗೂ ಅವರನ್ನೇ ಕೇಳಬೇಕಿತ್ತು. ಮಕ್ಕಳಾಗಿಲ್ಲವೆಂದು ಸೀಮಂತ, ತೊಟ್ಟಿಲು ಕಾರ್ಯಗಳಿಗೆ ನನ್ನನ್ನು ಕರೆದೊಯ್ಯುವುದಿಲ್ಲ, ನೆಂಟರ ಎದುರಿಗೇ ‘ಬಂಜೆ’ ಎನ್ನುತ್ತಾರೆ. ವೈದ್ಯಕೀಯ ತಪಾಸಣೆಗೆ ಅವರು ಒಮ್ಮೆಯೂ ಬರಲಿಲ್ಲ. ಎರಡು ಸಲ ಹಿರಿಯರು ಕೂತು ಮಾತಾಡಿ ನನ್ನನ್ನು ಮರಳಿ ಕಳುಹಿಸಿದರು. ಈಗ ಹದಿನಾಲ್ಕು ತಿಂಗಳಿಂದ ತವರಿನಲ್ಲಿದ್ದೇನೆ. ‘ಹೊಡೆತ ಬಡಿತ ಇಲ್ಲದೆ ಡೈವರ್ಸ್ ಎಲ್ಲಿ ಸಿಗುತ್ತದೆ, ಕೋರ್ಟಿಗೆ ಏನು ತೋರಿಸುತ್ತೀ?’ ಎಂದು ಅಣ್ಣ ಕೇಳುತ್ತಾನೆ. ನಾನು ಏನು ತೋರಿಸಲಿ?

ಉತ್ತರ: ಮೈಮೇಲೆ ಗಾಯ ಮಾಡದೆಯೂ ಒಬ್ಬರು ಇನ್ನೊಬ್ಬರನ್ನು ಕ್ರೌರ್ಯದಿಂದ ನಡೆಸಿಕೊಳ್ಳಬಹುದು ಎಂಬುದನ್ನು ನಮ್ಮ ಕಾನೂನು ಒಪ್ಪಿಕೊಂಡು ಬಹಳ ಕಾಲವಾಗಿದೆ. ನಿಮ್ಮ ಅಣ್ಣನವರ ಆತಂಕ ನನಗೆ ಅರ್ಥವಾಗುತ್ತದೆ, ಆದರೆ ಅವರ ತಿಳಿವಳಿಕೆ ಸರಿಯಲ್ಲ. ಹಿಂದೂ ವಿವಾಹ ಅಧಿನಿಯಮದ ಕಲಂ 13(1)(ಐ-ಎ) ಹೇಳುವುದು ಇಷ್ಟೇ: ವಿವಾಹವಾದ ಮೇಲೆ ಎದುರು ಪಕ್ಷದವರು ಅರ್ಜಿದಾರರನ್ನು ಕ್ರೌರ್ಯದಿಂದ ನಡೆಸಿಕೊಂಡಿದ್ದರೆ ವಿಚ್ಛೇದನ ಕೋರಬಹುದು. ದೇಹಕ್ಕೋ ಮನಸ್ಸಿಗೋ ಎಂಬ ಭೇದವನ್ನು ಅದು ಮಾಡುವುದಿಲ್ಲ. 1955ರಲ್ಲಿ ಈ ಕಾಯ್ದೆ ಬಂದಾಗ ಕ್ರೌರ್ಯದ ಕಾರಣಕ್ಕೆ ವಿಚ್ಛೇದನ ಇರಲಿಲ್ಲ, ನ್ಯಾಯಿಕ ಪ್ರತ್ಯೇಕತೆ (ಮದುವೆ ಮುರಿಯದೆ ಬೇರೆ ಬಾಳಲು ನ್ಯಾಯಾಲಯದ ಆದೇಶ) ಮಾತ್ರ ಇತ್ತು. ಅದಕ್ಕೂ, ಜೊತೆಯಲ್ಲಿ ಬಾಳಿದರೆ ತನಗೆ ಅಪಾಯವಾದೀತೆಂಬ ಸಕಾರಣವಾದ ಭಯವನ್ನು ಅರ್ಜಿದಾರರು ತೋರಿಸಬೇಕಿತ್ತು. 1976ರ ತಿದ್ದುಪಡಿ ಆ ಭಯದ ಷರತ್ತನ್ನು ತೆಗೆದುಹಾಕಿ ಕ್ರೌರ್ಯವನ್ನು ವಿಚ್ಛೇದನಕ್ಕೇ ಆಧಾರವನ್ನಾಗಿ ಮಾಡಿತು. ಹೊಡೆತದ ಗುರುತು ಬೇಕೇ ಬೇಕು ಎಂಬ ನಂಬಿಕೆ ಅರ್ಧ ಶತಮಾನದ ನಂತರವೂ ಮನೆಮನೆಗಳಲ್ಲಿ ಉಳಿದಿರುವುದು, ಮತ್ತು ಅದನ್ನೇ ನಂಬಿ ಹೆಣ್ಣುಮಕ್ಕಳು ವರ್ಷಗಟ್ಟಲೆ ಸುಮ್ಮನಿರುವುದು ನನಗೆ ನೋವು ಕೊಡುವ ಸಂಗತಿ.

ಮಾನಸಿಕ ಕ್ರೌರ್ಯ ಎಂದರೇನೆಂದು ಕಾಯ್ದೆ ವಿವರಿಸಿಲ್ಲ. ಆ ಕೆಲಸವನ್ನು ತೀರ್ಪುಗಳು ಮಾಡಿವೆ. ಜೊತೆಯಲ್ಲಿ ಬಾಳುವುದು ಸಾಧ್ಯವೇ ಇಲ್ಲವೆನ್ನುವಷ್ಟು ಮಾನಸಿಕ ನೋವು, ಯಾತನೆಗಳನ್ನು ಕೊಡುವ ನಡವಳಿಕೆ ಮಾನಸಿಕ ಕ್ರೌರ್ಯವಾಗುತ್ತದೆ ಎಂದು ಸುಪ್ರೀಂ ಕೋರ್ಟ್ 1994ರ ವಿ. ಭಗತ್ ಪ್ರಕರಣದಲ್ಲಿ ಹೇಳಿತು. ಆ ನಡವಳಿಕೆಯನ್ನು ಅಳೆಯುವಾಗ ದಂಪತಿಯ ಸಾಮಾಜಿಕ ಸ್ಥಿತಿ, ವಿದ್ಯಾಭ್ಯಾಸ, ಅವರು ಬದುಕುವ ಪರಿಸರ ಎಲ್ಲವನ್ನೂ ನೋಡಬೇಕು ಎಂದೂ ಸೇರಿಸಿತು. 2007ರ ಸಮರ್ ಘೋಷ್ ತೀರ್ಪು, ಮನುಷ್ಯರ ಮನಸ್ಸನ್ನು ಒಂದೇ ಅಚ್ಚಿನಲ್ಲಿ ಕೂರಿಸಲು ಆಗದು ಎಂದು ಎಚ್ಚರಿಸಿ, ನಿದರ್ಶನಕ್ಕೆಂದು ಹದಿನಾಲ್ಕು ಸಂದರ್ಭಗಳನ್ನು ಕೊಟ್ಟಿತು. ಅಸಹನೀಯ ಮಟ್ಟಕ್ಕೆ ಮುಟ್ಟಿದ ಒರಟು ಮಾತು, ಉಪೇಕ್ಷೆ ಮತ್ತು ಅನಾದರ, ಬಿಡದೆ ನಡೆಯುವ ನಿಂದನೆ ಮತ್ತು ಅವಮಾನ, ಸಕಾರಣವಿಲ್ಲದೆ ಬಹುಕಾಲ ದಾಂಪತ್ಯ ಸಂಬಂಧವನ್ನು ನಿರಾಕರಿಸುವುದು ಇವೆಲ್ಲ ಆ ಪಟ್ಟಿಯಲ್ಲಿವೆ. ಅದೇ ಪಟ್ಟಿಯಲ್ಲಿ ಇನ್ನೊಂದು ಮಾತೂ ಇದೆ, ಅದನ್ನು ನಿಮ್ಮಿಂದ ಮುಚ್ಚಿಡಬಾರದು: ಸಂಸಾರದಲ್ಲಿ ದಿನನಿತ್ಯ ಬರುವ ಸಣ್ಣಪುಟ್ಟ ಜಗಳ, ಸಿಡುಕು, ಬೇಸರಗಳು ಕ್ರೌರ್ಯವಲ್ಲ, ಹಲವು ವರ್ಷಗಳಲ್ಲಿ ಅಲ್ಲೊಂದು ಇಲ್ಲೊಂದು ಘಟನೆ ನಡೆದರೆ ಸಾಲದು, ಕೆಟ್ಟ ನಡವಳಿಕೆ ಸಾಕಷ್ಟು ದೀರ್ಘಕಾಲ ಮುಂದುವರಿದಿರಬೇಕು.

ಈ ಮಾನದಂಡದಲ್ಲಿ ನಿಮ್ಮ ಪತ್ರವನ್ನು ಓದಿದಾಗ ನನಗೆ ಕಾಣುವುದನ್ನು ನೇರವಾಗಿ ಹೇಳುತ್ತೇನೆ. ಗಂಡ ಮಾತು ಬಿಟ್ಟರು ಎಂಬ ಒಂದೇ ದೂರನ್ನು ಹಿಡಿದು ಹೋದರೆ, ಅದು ಸಂಸಾರದ ಮುನಿಸು ಎಂದು ಎದುರು ವಕೀಲರು ತೇಲಿಸಿಬಿಡಬಹುದು. ಆದರೆ ತಿಂಗಳುಗಟ್ಟಲೆ ಮೌನ, ದುಡಿಯುವ ಹೆಣ್ಣಿನ ಕೈಯಲ್ಲಿ ಬಸ್ ಚಾರ್ಜಿಗೂ ಹಣವಿಲ್ಲದಂತೆ ಮಾಡುವುದು, ಮಕ್ಕಳಾಗದ ಹೊಣೆಯನ್ನು ತಪಾಸಣೆಗೂ ಬಾರದೆ ಅವಳ ಮೇಲೆಯೇ ಹೊರಿಸಿ ನೆಂಟರಿಷ್ಟರ ಎದುರು ಹೀಯಾಳಿಸುವುದು, ಶುಭಕಾರ್ಯಗಳಿಂದ ದೂರವಿಡುವುದು ಈ ಎಲ್ಲವೂ ಒಂದೇ ಮನೆಯಲ್ಲಿ, ಒಬ್ಬಳೇ ಹೆಣ್ಣಿನ ಮೇಲೆ, ವರ್ಷಗಳ ಕಾಲ ನಡೆದಿದೆ ಎಂದು ಒಟ್ಟಾಗಿ ಇಟ್ಟಾಗ ಪ್ರಕರಣದ ತೂಕವೇ ಬೇರೆ. ನ್ಯಾಯಾಲಯ ನೋಡುವುದೂ ಹೀಗೆ ಇಡಿಯಾಗಿಯೇ. ನಮ್ಮ ಹೈಕೋರ್ಟ್ 2022ರಲ್ಲಿ ತೀರ್ಮಾನಿಸಿದ ಒಂದು ಪ್ರಕರಣ ನಿಮಗೆ ಹತ್ತಿರವಾದದ್ದು. ಅಲ್ಲಿ ಹೆಂಡತಿ ಗಲ್ಫ್ ದೇಶದಲ್ಲಿ ದುಡಿದು ಗಂಡನ ಮನೆಯನ್ನು ನಡೆಸಿದ್ದರು. ಹೆಂಡತಿಯ ಬಗ್ಗೆ ಯಾವ ಭಾವನಾತ್ಮಕ ನಂಟೂ ಇಲ್ಲದೆ ಅವರನ್ನು ಹಾಲು ಕರೆಯುವ ಹಸುವಿನಂತೆ, ಹಣದ ಮೂಲವಾಗಿ ಮಾತ್ರ ಕಂಡದ್ದು ಮಾನಸಿಕ ಕ್ರೌರ್ಯವೆಂದು ಹೈಕೋರ್ಟ್ ಹೇಳಿ ವಿಚ್ಛೇದನ ನೀಡಿತು.

ಇನ್ನು ‘ಏನು ತೋರಿಸಲಿ’ ಎಂಬ ಪ್ರಶ್ನೆ. ಮೊದಲು ತೋರಿಸಬೇಕಾದದ್ದು ನಿಮ್ಮ ಮಾತನ್ನೇ. ವಿಚ್ಛೇದನದ ಮೊಕದ್ದಮೆ ಸಿವಿಲ್ ಸ್ವರೂಪದ್ದು, ಕ್ರಿಮಿನಲ್ ಕೇಸಿನಂತೆ ಸಂಶಯಕ್ಕೆ ಎಡೆಯಿಲ್ಲದ ಹಾಗೆ ಸಾಬೀತು ಮಾಡಬೇಕಿಲ್ಲ, ಯಾವುದು ನಡೆದಿರುವ ಸಂಭವ ಹೆಚ್ಚು ಎಂಬುದನ್ನು ತೂಗಿದರೆ ಸಾಕು ಎಂದು ಸುಪ್ರೀಂ ಕೋರ್ಟ್ 1975ರ ದಾಸ್ತಾನೆ ಪ್ರಕರಣದಲ್ಲಿಯೇ ತೀರ್ಮಾನಿಸಿದೆ. ನಾಲ್ಕು ಗೋಡೆಗಳ ನಡುವೆ ನಡೆದದ್ದಕ್ಕೆ ಹೊರಗಿನ ಸಾಕ್ಷಿ ಸಿಗುವುದು ಕಷ್ಟವೆಂದು ನ್ಯಾಯಾಧೀಶರಿಗೂ ಗೊತ್ತು. ಆದ್ದರಿಂದ ಪ್ರಮಾಣ ಮಾಡಿ ನೀವು ಹೇಳುವ ಸಾಕ್ಷ್ಯ ಪಾಟೀಸವಾಲಿನಲ್ಲಿ ಅಲುಗದೆ ನಿಂತರೆ ಅದಕ್ಕೆ ಬೆಲೆಯಿದೆ. ಆದರೆ ಅಲುಗದೆ ನಿಲ್ಲಬೇಕಾದರೆ ಮಾತಿನಲ್ಲಿ ನಿಖರತೆ ಇರಬೇಕು. ‘ಗಂಡ ಮತ್ತು ಅತ್ತೆ ಸದಾ ಮಾನಸಿಕ ಹಿಂಸೆ ಕೊಡುತ್ತಿದ್ದರು’ ಎಂಬ ವಾಕ್ಯ ನಾನು ಓದಿರುವ ಬಹುಪಾಲು ಅರ್ಜಿಗಳಲ್ಲಿ ಇರುತ್ತದೆ, ಅದರಿಂದ ಯಾರಿಗೂ ಏನೂ ತಿಳಿಯುವುದಿಲ್ಲ. ಯಾವ ವರ್ಷ, ಯಾರ ಮನೆಯ ಸೀಮಂತ, ನಿಮ್ಮನ್ನು ಮನೆಯಲ್ಲೇ ಬಿಟ್ಟು ಹೋಗುವಾಗ ಯಾರು ಯಾವ ಮಾತು ಆಡಿದರು, ಪಕ್ಕದಲ್ಲಿ ಯಾರಿದ್ದರು ಎಂದು ಬರೆದರೆ ನ್ಯಾಯಾಧೀಶರ ಕಣ್ಣಿಗೆ ಆ ಮನೆಯೇ ಕಟ್ಟುತ್ತದೆ. ಈ ವಾರವೇ ಒಂದು ನೋಟ್‌ಬುಕ್ ತೆಗೆದುಕೊಂಡು, ಮದುವೆಯಾದ ದಿನದಿಂದ ನೆನಪಿರುವುದನ್ನು ಕಾಲಕ್ರಮದಲ್ಲಿ ಬರೆಯಿರಿ. ತಾರೀಖು ನೆನಪಿಲ್ಲದಿದ್ದರೆ ‘ಆ ವರ್ಷದ ದಸರಾ ರಜೆಯಲ್ಲಿ’ ಎಂದು ಬರೆಯಿರಿ, ಊಹಿಸಿ ತಾರೀಖು ಹಾಕಬೇಡಿ. ಇದು ನಿಮ್ಮ ನೆನಪಿಗೆ ಮತ್ತು ವಕೀಲರ ಕೆಲಸಕ್ಕೆ ಬರೆದುಕೊಳ್ಳುವ ಟಿಪ್ಪಣಿ. ಹಳೆಯ ಡೈರಿಯೆಂದು ಅದನ್ನು ನ್ಯಾಯಾಲಯಕ್ಕೆ ಕೊಡುವಂತಿಲ್ಲ.

ದಾಖಲೆಗಳೂ ನಿಮ್ಮಲ್ಲಿ ನೀವು ತಿಳಿದಿರುವುದಕ್ಕಿಂತ ಹೆಚ್ಚು ಇವೆ. ಸಂಬಳ ಜಮೆಯಾದ ಮರುದಿನವೇ ಪೂರ್ತಿ ಹಣ ತೆಗೆದಿರುವುದು ಬ್ಯಾಂಕಿನ ವಿವರಪಟ್ಟಿಯಲ್ಲಿ ಕಾಣುತ್ತದೆ. ಹಣ ತೆಗೆದ ಹೊತ್ತಿನಲ್ಲಿ ನೀವು ತರಗತಿಯಲ್ಲಿದ್ದಿರಿ ಎಂಬುದಕ್ಕೆ ಶಾಲೆಯ ಹಾಜರಿ ಪುಸ್ತಕವಿದೆ. ವೈದ್ಯರ ಚೀಟಿಗಳಲ್ಲಿ ನಿಮ್ಮ ಹೆಸರಷ್ಟೇ ಇರುವುದು, ಗಂಡನ ಪರೀಕ್ಷೆಗೆ ಬರೆದುಕೊಟ್ಟಿದ್ದರೂ ವರದಿ ಇಲ್ಲದಿರುವುದು ಕೂಡ ಸಾಕ್ಷ್ಯವೇ. ರಾಜಿ ಮಾಡಿಸಿದ ಹಿರಿಯರಲ್ಲಿ ಒಬ್ಬರಾದರೂ ಬಂದು ಅಂದು ಆಡಿದ ಮಾತುಗಳನ್ನು ಹೇಳಿದರೆ ಬಹಳ ಉಪಯೋಗವಾಗುತ್ತದೆ. 1988ರ ಶೋಭಾ ರಾಣಿ ಪ್ರಕರಣದಲ್ಲಿ, ತನ್ನ ತಂದೆತಾಯಿ ಹಣ ಕೇಳಿದ್ದರಲ್ಲಿ ತಪ್ಪೇನಿದೆ ಎಂಬ ಅರ್ಥದಲ್ಲಿ ಗಂಡನೇ ಬರೆದ ಒಂದು ಪತ್ರ ಹೆಂಡತಿಯ ಪರವಾಗಿ ನಿಂತಿತು. ನೋಯಿಸಬೇಕೆಂಬ ಉದ್ದೇಶ ಇತ್ತೆಂದು ಸಾಬೀತು ಮಾಡುವುದು ಅಗತ್ಯವಿಲ್ಲ ಎಂದೂ ಆ ತೀರ್ಪು ಹೇಳಿತು. ಇಂದು ಪತ್ರದ ಜಾಗದಲ್ಲಿ ವಾಟ್ಸ್ಆ್ಯಪ್ ಸಂದೇಶಗಳಿವೆ. ಅವನ್ನು ಅಳಿಸಬೇಡಿ, ಹಳೆಯ ಮೊಬೈಲನ್ನು ಮಾರಬೇಡಿ. ಅವುಗಳ ಪ್ರತಿಯನ್ನು ಹಾಜರುಪಡಿಸುವಾಗ ಭಾರತೀಯ ಸಾಕ್ಷ್ಯ ಅಧಿನಿಯಮ, 2023ರ ಕಲಂ 63ರಲ್ಲಿ ಹೇಳಿದ ಪ್ರಮಾಣಪತ್ರ ಬೇಕಾಗುತ್ತದೆ, ಅದನ್ನು ವಕೀಲರು ಸಿದ್ಧಪಡಿಸುತ್ತಾರೆ. ದಂಪತಿಯಲ್ಲಿ ಒಬ್ಬರು ಇನ್ನೊಬ್ಬರಿಗೆ ತಿಳಿಯದಂತೆ ಧ್ವನಿಮುದ್ರಿಸಿಕೊಂಡ ಫೋನ್ ಮಾತುಕತೆಯನ್ನು ವಿಚ್ಛೇದನದ ಪ್ರಕರಣದಲ್ಲಿ ಸಾಕ್ಷ್ಯವಾಗಿ ಪರಿಗಣಿಸಬಹುದು ಎಂದು ಸುಪ್ರೀಂ ಕೋರ್ಟ್ 2025ರ ಜುಲೈನಲ್ಲಿ ಹೇಳಿದೆ. ಆದರೂ ಈಗ ಫೋನ್ ಮಾಡಿ, ಅವರನ್ನು ಕೆಣಕಿ, ಮಾತು ಹೊರಡಿಸಿ ಮುದ್ರಿಸಿಕೊಳ್ಳುವ ಕೆಲಸಕ್ಕೆ ಕೈಹಾಕಬೇಡಿ. ಇಡೀ ಧ್ವನಿಮುದ್ರಣವನ್ನು ಕೇಳಿದಾಗ ಕೆಣಕಿದವರು ಯಾರು ಎಂಬುದೂ ಕೇಳಿಸುತ್ತದೆ.

ನಿಮ್ಮ ಪತ್ರದಲ್ಲಿ ನನ್ನನ್ನು ಸ್ವಲ್ಪ ಯೋಚನೆಗೆ ಹಚ್ಚಿದ್ದು ಎರಡು ಸಲದ ರಾಜಿ. ಹಿಂದೂ ವಿವಾಹ ಅಧಿನಿಯಮದ ಕಲಂ 23ರ ಪ್ರಕಾರ, ಅರ್ಜಿದಾರರು ಆ ಕ್ರೌರ್ಯವನ್ನು ಮನ್ನಿಸಿಲ್ಲ ಎಂಬುದು ನ್ಯಾಯಾಲಯಕ್ಕೆ ಮನವರಿಕೆಯಾಗಬೇಕು. ದಾಸ್ತಾನೆ ಪ್ರಕರಣದಲ್ಲಿ ಹೆಂಡತಿಯ ನಡವಳಿಕೆ ಕ್ರೌರ್ಯವೇ ಹೌದೆಂದು ಒಪ್ಪಿದ ಸುಪ್ರೀಂ ಕೋರ್ಟ್, ಗಂಡ ಆ ಬಳಿಕವೂ ಸಹಜ ದಾಂಪತ್ಯ ನಡೆಸಿ ಅದನ್ನು ಮನ್ನಿಸಿದ್ದರೆಂದು ಪರಿಹಾರ ನಿರಾಕರಿಸಿತು. ಆದರೆ ಹೀಗೆ ಮನ್ನಿಸುವುದಕ್ಕೆ ಒಂದು ಷರತ್ತಿದೆ. ಮನ್ನಿಸಿದ ಮೇಲೆ ತಪ್ಪು ಮರುಕಳಿಸಬಾರದು. ಮರುಕಳಿಸಿದರೆ ಹಳೆಯದೂ ಜೀವ ಪಡೆಯುತ್ತದೆ ಎಂಬುದನ್ನೂ ಅದೇ ತೀರ್ಪು ಹೇಳಿದೆ. ಹಾಗಾಗಿ ಅರ್ಜಿಯಲ್ಲಿ ರಾಜಿಗಳನ್ನು ಮುಚ್ಚಿಡಬೇಡಿ. ಸಂಸಾರ ಉಳಿಯಲಿ ಎಂದು ಹೋದೆ, ಹೋದ ಮೇಲೆ ಇಂತಿಂಥದು ನಡೆಯಿತು ಎಂದು ಎರಡನೆಯ ರಾಜಿಯ ನಂತರದ ಘಟನೆಗಳನ್ನು ಎಲ್ಲಕ್ಕಿಂತ ವಿವರವಾಗಿ ಬರೆಸಿ.

ಅರ್ಜಿಯನ್ನು ನೀವು ಈಗ ವಾಸಿಸುತ್ತಿರುವ ಸ್ಥಳದ ವ್ಯಾಪ್ತಿಯ ನ್ಯಾಯಾಲಯದಲ್ಲಿಯೇ ಹಾಕಬಹುದು. 2003ರ ತಿದ್ದುಪಡಿ ಹೆಂಡತಿಗೆ ಈ ಅನುಕೂಲ ಕೊಟ್ಟಿದೆ. ವಿಚಾರಣೆ ಮುಚ್ಚಿದ ಕೋಣೆಯಲ್ಲಿ ನಡೆಯುತ್ತದೆ, ವಿವರಗಳನ್ನು ಪತ್ರಿಕೆಗಳು ಪ್ರಕಟಿಸುವಂತಿಲ್ಲ. ಶಾಲೆಯಲ್ಲಿ ಎಲ್ಲರಿಗೂ ಗೊತ್ತಾಗುತ್ತದೆ ಎಂಬ ಹೆದರಿಕೆ ಬೇಡ. ವಕೀಲರ ಖರ್ಚು ಭಾರವೆನಿಸಿದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರಿಗೆ ಅಲ್ಲಿ ಆದಾಯದ ಮಿತಿಯಿಲ್ಲದೆ ಉಚಿತ ನೆರವು ಸಿಗುತ್ತದೆ, ಸಹಾಯವಾಣಿ 15100. ಕ್ರಿಮಿನಲ್ ದೂರು ಕೊಡಬೇಕೇ ಎಂದು ಯಾರಾದರೂ ಒತ್ತಾಯಿಸಿದರೆ, ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೇ ಕಲಮುಗಳ ‘ಕ್ರೌರ್ಯ’ ಇದಕ್ಕಿಂತ ಬಹಳ ತೀವ್ರವಾದದ್ದು ಮತ್ತು ಅಲ್ಲಿ ಬೇಕಾಗುವ ಸಾಬೀತೂ ಕಠಿಣವಾದದ್ದು ಎಂಬುದನ್ನು ನೆನಪಿಡಿ. ವಿಚ್ಛೇದನಕ್ಕೆ ಆ ದೂರು ಪೂರ್ವಭಾವಿ ಅಗತ್ಯವಲ್ಲ.

ಈ ಯಾವುದಕ್ಕೂ ಮೊದಲು ಬ್ಯಾಂಕಿಗೆ ಹೋಗಿ ಹಳೆಯ ಕಾರ್ಡನ್ನು ನಿಷ್ಕ್ರಿಯಗೊಳಿಸಿ, ಹೊಸದನ್ನು ತವರಿನ ವಿಳಾಸಕ್ಕೆ ತರಿಸಿಕೊಳ್ಳಿ. ಹದಿನಾಲ್ಕು ತಿಂಗಳಾದರೂ ಆ ಕಾರ್ಡ್ ಅಲ್ಲಿಯೇ ಇದೆ ಎಂದು ಓದಿ ನನಗೆ ಸಂಕಟವಾಯಿತು. ಅದಕ್ಕೆ ಯಾವ ನ್ಯಾಯಾಲಯದ ಅನುಮತಿಯೂ ಬೇಕಿಲ್ಲ.

ಪ್ರಶ್ನೆ: ತುಮಕೂರು ಕಡೆಯವನು, ಬೆಂಗಳೂರಿನಲ್ಲಿ ಕೆಲಸ. ತಂದೆತಾಯಿಯನ್ನು ಬಿಟ್ಟು ಬೇರೆ ಮನೆ ಮಾಡಬೇಕೆಂದು ಹೆಂಡತಿ ಹಟ ಹಿಡಿದಿದ್ದಾಳೆ. ಎರಡು ಸಲ ಕೋಣೆಯ ಬಾಗಿಲು ಹಾಕಿಕೊಂಡು ಸಾಯುತ್ತೇನೆಂದು ಹೆದರಿಸಿದ್ದಾಳೆ. ಮಾನಸಿಕ ಕ್ರೌರ್ಯದ ಮೇಲೆ ಅರ್ಜಿ ಹಾಕಬೇಕೆಂದಿದ್ದೇನೆ. ಆಕೆಗೆ ಸಹೋದ್ಯೋಗಿಯೊಂದಿಗೆ ಸಂಬಂಧವಿದೆ ಎಂದೂ ಸೇರಿಸಿದರೆ ಕೇಸು ಗಟ್ಟಿಯಾಗುತ್ತದೆ ಎಂದು ಪರಿಚಿತರೊಬ್ಬರು ಹೇಳುತ್ತಾರೆ. ನನಗೆ ಅಂಥ ಅನುಮಾನವೇನೂ ಇಲ್ಲ. ಸೇರಿಸಬಹುದೇ?

ಉತ್ತರ: ಖಂಡಿತ ಬೇಡ. ನಿಮಗೇ ಅನುಮಾನವಿಲ್ಲದ ಸಂಗತಿಯನ್ನು ಸತ್ಯವೆಂದು ಪ್ರಮಾಣೀಕರಿಸಿ ಸಹಿ ಹಾಕುವುದು ಅಪರಾಧ. ಅದಕ್ಕಿಂತ ಮುಖ್ಯವಾಗಿ, ಒಬ್ಬ ಹೆಣ್ಣುಮಗಳ ಶೀಲದ ಮೇಲೆ ಸುಳ್ಳು ಹೊರಿಸುವುದು ದೊಡ್ಡ ಅನ್ಯಾಯ. ಕಾನೂನಿನ ಲೆಕ್ಕದಲ್ಲಿಯೂ ಅದು ನಿಮಗೇ ತಿರುಗುಬಾಣ. ಹೆಂಡತಿಯ ನಡತೆಯ ಬಗ್ಗೆ ಗಂಡ ತನ್ನ ಲಿಖಿತ ಹೇಳಿಕೆಯಲ್ಲಿ ಮಾಡಿದ ಆಧಾರವಿಲ್ಲದ ಆರೋಪವೇ ಹೆಂಡತಿಗೆ ಎಸಗಿದ ಮಾನಸಿಕ ಕ್ರೌರ್ಯವೆಂದು ಸುಪ್ರೀಂ ಕೋರ್ಟ್ 2003ರಲ್ಲಿ ಸ್ಪಷ್ಟವಾಗಿ ಹೇಳಿದೆ. ಆ ಆರೋಪವನ್ನು ಆಮೇಲೆ ತಿದ್ದುಪಡಿ ಮಾಡಿ ಹಿಂತೆಗೆದುಕೊಂಡರೂ ಆದ ಗಾಯ ಮಾಯುವುದಿಲ್ಲ ಎಂಬುದು ಅಲ್ಲಿನ ನಿಲುವು. ಮೇಲೆ ಹೇಳಿದ ವಿ. ಭಗತ್ ಪ್ರಕರಣದಲ್ಲಿ ಇದು ಬೇರೆ ರೂಪದಲ್ಲಿ ಬಂದಿತ್ತು. ಗಂಡನೂ ಅವರ ಮನೆಯವರೂ ಬುದ್ಧಿ ಸ್ಥಿಮಿತದಲ್ಲಿ ಇಲ್ಲದವರು ಎಂದು ಹೆಂಡತಿಯ ಕಡೆಯಿಂದ ಲಿಖಿತ ಹೇಳಿಕೆಯಲ್ಲೂ ಪಾಟೀಸವಾಲಿನಲ್ಲೂ ಬಂದ ಮಾತುಗಳೇ ಕ್ರೌರ್ಯವೆನಿಸಿದವು. ನ್ಯಾಯಾಲಯದ ಕಾಗದದ ಮೇಲೆ ಬರೆದದ್ದು ಕೂಡ ದಾಂಪತ್ಯದ ನಡವಳಿಕೆಯೇ ಆಗುತ್ತದೆ.

ಬೇರೆ ಮನೆಯ ವಿಷಯದಲ್ಲಿ ನೀವು ಕೇಳಿರಬಹುದಾದ ತೀರ್ಪು, ಬೆಂಗಳೂರಿನ ಕೌಟುಂಬಿಕ ನ್ಯಾಯಾಲಯದಿಂದ ಹೊರಟು 2016ರಲ್ಲಿ ಸುಪ್ರೀಂ ಕೋರ್ಟ್‌ನಲ್ಲಿ ಮುಗಿದ ಪ್ರಕರಣದ್ದು. ಮಗನ ಸಂಪಾದನೆಯನ್ನೇ ನೆಚ್ಚಿಕೊಂಡಿರುವ ತಂದೆತಾಯಿಯಿಂದ ಸಕಾರಣವಿಲ್ಲದೆ ಅವನನ್ನು ಬೇರೆ ಮಾಡಲು ಹೆಂಡತಿ ಪಟ್ಟುಹಿಡಿಯುವುದು ಕ್ರೌರ್ಯವಾಗಬಹುದು ಎಂದು ಅಲ್ಲಿ ಹೇಳಿದ್ದು ನಿಜ. ಆದರೆ ಆ ಪ್ರಕರಣದಲ್ಲಿ ಆತ್ಮಹತ್ಯೆಯ ಬೆದರಿಕೆ ಮತ್ತು ಪ್ರಯತ್ನ, ಗಂಡನಿಗೆ ಮನೆಗೆಲಸದವಳೊಂದಿಗೆ ಸಂಬಂಧವಿದೆ ಎಂಬ ಸುಳ್ಳು ಆರೋಪ ಇವೆಲ್ಲವೂ ಸೇರಿದ್ದವು. ಬೇರೆ ಮನೆ ಕೇಳಿದ ಹೆಂಡತಿಯರೆಲ್ಲ ಕ್ರೂರಿಗಳು ಎಂದು ಅದನ್ನು ಓದಬಾರದು. ಆ ಮನೆಯಲ್ಲಿ ಆಕೆಗೆ ಏನಾಗುತ್ತಿದೆ, ಕೇಳಲು ಕಾರಣವಿದೆಯೇ ಎಂಬುದನ್ನು ನ್ಯಾಯಾಲಯ ಕೇಳಿಯೇ ಕೇಳುತ್ತದೆ. ನನ್ನ ದೃಷ್ಟಿಯಲ್ಲಿ, ಮಗ ತಂದೆತಾಯಿಯನ್ನು ನೋಡಿಕೊಳ್ಳಬೇಕಾದ ಹೊಣೆಗೂ ಅದೇ ಸೂರಿನಡಿ ಸೊಸೆ ಇರಲೇಬೇಕೆಂಬ ನಿಯಮಕ್ಕೂ ಸಂಬಂಧವಿಲ್ಲ.

ನಿಮ್ಮ ಪತ್ರದಲ್ಲಿ ಅರ್ಜಿಗಿಂತ ತುರ್ತಾದ ಸಂಗತಿ ಒಂದಿದೆ. ಎರಡು ಸಲ ಸಾಯುತ್ತೇನೆ ಎಂದವರನ್ನು ‘ಹೆದರಿಸಿದ್ದಾಳೆ’ ಎಂದು ಬರೆದಿದ್ದೀರಿ. ಅದು ಹೆದರಿಕೆಯೋ ಯಾತನೆಯೋ ಎಂದು ನಿರ್ಧರಿಸುವುದು ನಿಮ್ಮಿಂದಲೂ ನನ್ನಿಂದಲೂ ಆಗದು. ಆಕೆಯನ್ನು ಮನೋವೈದ್ಯರ ಬಳಿ ಕರೆದೊಯ್ಯಿರಿ, ತಕ್ಷಣಕ್ಕೆ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಕರೆ ಮಾಡಿ, ಆಕೆಯ ತವರಿನವರಿಗೆ ತಿಳಿಸಿ. ಇದನ್ನು ಮುಂದಿನ ಕೇಸಿನ ದಾಖಲೆಗಾಗಿ ಮಾಡಬೇಡಿ, ಜೊತೆಯಲ್ಲಿರುವ ಮನುಷ್ಯರಾಗಿ ಮಾಡಿ.

ಪ್ರಶ್ನೆ: ಶಿರಸಿಯಿಂದ ಬರೆಯುತ್ತಿದ್ದೇನೆ. ಮಗಳು ಅಳಿಯ ಬೇರೆಯಾಗಿ ಆರು ವರ್ಷ ಕಳೆಯಿತು. ದೊಡ್ಡ ಜಗಳವೇನೂ ಇಲ್ಲ, ಹೊಂದಾಣಿಕೆಯಾಗಲಿಲ್ಲ. ಮದುವೆ ಪೂರ್ತಿ ಮುರಿದಿದ್ದರೆ ಸುಪ್ರೀಂ ಕೋರ್ಟ್ ವಿಚ್ಛೇದನ ಕೊಡುತ್ತದೆ ಎಂದು ಓದಿದೆ. ನೇರವಾಗಿ ಅಲ್ಲಿಗೇ ಹೋಗಬಹುದೇ?

ಉತ್ತರ: ಹೋಗಲಾಗದು. ಸಂವಿಧಾನದ 142ನೇ ವಿಧಿಯ ವಿಶೇಷ ಅಧಿಕಾರದಿಂದ ಹಾಗೆ ವಿಚ್ಛೇದನ ನೀಡಬಹುದೆಂದು ಸಂವಿಧಾನ ಪೀಠ 2023ರ ಮೇ 1ರಂದು ಹೇಳಿತು, ಆದರೆ ಅದನ್ನೇ ಕೋರಿ ದಂಪತಿ ನೇರವಾಗಿ ಸುಪ್ರೀಂ ಕೋರ್ಟ್‌ಗೆ ರಿಟ್ ಅರ್ಜಿ ಹಾಕುವಂತಿಲ್ಲ ಎಂದೂ ಅದೇ ತೀರ್ಪಿನಲ್ಲಿದೆ. ಕೌಟುಂಬಿಕ ನ್ಯಾಯಾಲಯಕ್ಕೆ ಆ ಅಧಿಕಾರವಿಲ್ಲ. ‘ಸರಿಪಡಿಸಲಾಗದಂತೆ ಮುರಿದ ಮದುವೆ’ಯನ್ನು ವಿಚ್ಛೇದನದ ಆಧಾರವಾಗಿ ಸೇರಿಸಬೇಕೆಂದು ಕಾನೂನು ಆಯೋಗ 1978ರಷ್ಟು ಹಿಂದೆಯೇ ಶಿಫಾರಸು ಮಾಡಿತ್ತು. ಅದಕ್ಕಾಗಿ ತಂದ ಮಸೂದೆ 2013ರಲ್ಲಿ ರಾಜ್ಯಸಭೆಯ ಒಪ್ಪಿಗೆ ಪಡೆದರೂ ಕಾಯ್ದೆಯಾಗಲಿಲ್ಲ. ಈ ಕೊರತೆಯಿಂದಲೇ, ಯಾರ ತಪ್ಪೂ ಅಷ್ಟಾಗಿ ಇಲ್ಲದ ದಂಪತಿಗಳು ಕೂಡ ಒಬ್ಬರ ಮೇಲೊಬ್ಬರು ಕ್ರೌರ್ಯದ ಆರೋಪ ಹುಡುಕಿ ಹೊರಿಸುವ ಸ್ಥಿತಿ ಬಂದಿದೆ, ಅದು ನನಗೆ ಒಪ್ಪಿಗೆಯಾಗದ ವಿಷಯ. ಬಹುಕಾಲದ ಅಗಲಿಕೆಯೇ ಕ್ರೌರ್ಯವಾಗಬಹುದೆಂದು ಸಮರ್ ಘೋಷ್ ತೀರ್ಪು ಹೇಳಿದ್ದು ನಿಜ. 2023ರಲ್ಲಿ ಸುಪ್ರೀಂ ಕೋರ್ಟ್ ಇಪ್ಪತ್ತೈದು ವರ್ಷ ಬೇರೆಯಿದ್ದ ದಂಪತಿಯ ಸಂಬಂಧವನ್ನು ಮುಂದುವರಿಸುವುದೇ ಇಬ್ಬರಿಗೂ ಕ್ರೌರ್ಯವೆಂದು ಕಂಡಿತು. ಆದರೆ ನಿಮ್ಮ ಮಗಳಿಗೆ ಆ ಸುತ್ತುದಾರಿ ಬೇಕಿಲ್ಲ.

ಇಬ್ಬರೂ ಒಪ್ಪುವುದಾದರೆ ಹಿಂದೂ ವಿವಾಹ ಅಧಿನಿಯಮದ ಕಲಂ 13-ಬಿ ಅಡಿಯಲ್ಲಿ ಪರಸ್ಪರ ಸಮ್ಮತಿಯ ಅರ್ಜಿ ಹಾಕಲಿ. ಯಾರೂ ಯಾರ ಮೇಲೂ ಆರೋಪ ಮಾಡಬೇಕಿಲ್ಲ, ಒಂದು ವರ್ಷಕ್ಕೂ ಹೆಚ್ಚು ಕಾಲ ಬೇರೆಯಿದ್ದು ಒಟ್ಟಿಗೆ ಬಾಳಲಾಗದೆ ಹೋದದ್ದನ್ನು ಹೇಳಿದರೆ ಸಾಕು. ಅರ್ಜಿ ಹಾಕಿದ ಮೇಲೆ ಕಾಯಬೇಕಾದ ಆರು ತಿಂಗಳ ಅವಧಿ ಕಡ್ಡಾಯವಲ್ಲ, ಬಹುಕಾಲದಿಂದ ಬೇರೆಯಿದ್ದು, ರಾಜಿಯ ಪ್ರಯತ್ನಗಳು ವಿಫಲವಾಗಿ, ಜೀವನಾಂಶ ಮೊದಲಾದವು ಇತ್ಯರ್ಥವಾಗಿದ್ದರೆ ಅದನ್ನು ಮನ್ನಾ ಮಾಡಬಹುದೆಂದು 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಒಂದು ಎಚ್ಚರಿಕೆ: ಡಿಕ್ರಿ (ವಿಚ್ಛೇದನದ ಅಂತಿಮ ಆದೇಶ) ಆಗುವವರೆಗೆ ಇಬ್ಬರಲ್ಲಿ ಯಾರಾದರೂ ಸಮ್ಮತಿಯನ್ನು ಹಿಂತೆಗೆದುಕೊಳ್ಳಬಹುದು. ಆದ್ದರಿಂದ ಮಗಳ ಒಡವೆ, ಪಾತ್ರೆ, ಪ್ರಮಾಣಪತ್ರಗಳಲ್ಲಿ ಯಾವುವು ಯಾರ ಬಳಿ ಇವೆ, ಅವನ್ನು ಯಾವ ದಿನ ಹಿಂದಿರುಗಿಸಬೇಕು, ಜೀವನಾಂಶ ಬೇಕೋ ಬೇಡವೋ, ಬೇಕಾದರೆ ಎಷ್ಟು ಎಂಬುದನ್ನೆಲ್ಲ ಇತ್ಯರ್ಥ ಪತ್ರದಲ್ಲಿ ಒಂದೊಂದಾಗಿ ಬರೆಸಿ, ಇಬ್ಬರ ಸಹಿಯೊಂದಿಗೆ ಅರ್ಜಿಯ ಜೊತೆಯಲ್ಲಿಯೇ ಸಲ್ಲಿಸಲು ಮಗಳಿಗೆ ಹೇಳಿ.